ಕಾಡವ್ವನ ಕಣ್ಣು

ಗೋಕಾಕಿನಲ್ಲಿ ಅಚ್ಚಾಗುತ್ತಿದ್ದ ಮಕ್ಕಳ ಮಾಸಪತ್ರಿಕೆಯೊಂದರಲ್ಲಿ ಕಾಡವ್ವನ ಚಿತ್ರಕಥೆ ಬರುತ್ತಿತ್ತು. ಘಟಪ್ರಭೆ ಹೊಳೆಯಲ್ಲಿ ದಡ್ಡಿ ಎಂಬ ಊರಿನ ಹತ್ತಿರ ದೋಣಿ ನಡೆಸುವ, ಯಾರ ಮೀಸೆಗೂ ಹೆದರದ ಹುಡುಗಿ ಈ ಕಾಡವ್ವ. ಮೂಡಲಗಿ, ಹುಕ್ಕೇರಿ ಸಂತೆಗಳಲ್ಲಿ ಮಕ್ಕಳು ಅದಕ್ಕಾಗಿ ನೆಲಕ್ಕೆ ಬಿದ್ದು ಹಟ ಮಾಡುತ್ತಿದ್ದವು. ಕೊನೆಯ ಚೌಕದ ಕೆಳಗೆ 'ಚಿತ್ರ: ಕೇದಾರಿ' ಎಂದಿರುತ್ತಿತ್ತು. ಶುದ್ಧ ಸುಳ್ಳು. ಬರೆಯುತ್ತಿದ್ದವಳೂ ಬಣ್ಣ ತುಂಬುತ್ತಿದ್ದವಳೂ ಕೇದಾರಿಯ ಹೆಂಡತಿ ಸೀತವ್ವ. ಹೆಂಗಸೊಬ್ಬಳು ಚಿತ್ರಕಥೆ ಬರೆಯುತ್ತಾಳೆಂದು ಆಗ ಹೇಳಿದ್ದರೆ ಯಾರೂ ನಂಬುತ್ತಿರಲಿಲ್ಲ. ನಾನು ಪಕ್ಕದ ಮನೆಯವಳು, ಕಣ್ಣಾರೆ ಕಂಡಿದ್ದೇನೆ.

ಅವರದು ಕಟ್ಟಿಗೆಯ ಗೊಂಬೆ ಮಾಡುವ ಮನೆತನ. ಗೊಂಬೆಯ ಸೀರೆ, ಒಡವೆ, ತುಟಿ ಎಲ್ಲ ಹೆಂಗಸರು ಬರೆಯಬಹುದು, ಕಣ್ಣು ಮಾತ್ರ ಗಂಡಸೇ ತೆರೆಯಬೇಕು, ಎಂದರೆ ಕಣ್ಣಿನ ಚುಕ್ಕೆ ಅವನೇ ಇಡಬೇಕು ಎಂಬುದು ಆ ಮನೆಯ ಪದ್ಧತಿ. ಕಣ್ಣು ತೆರೆದವನದೇ ಗೊಂಬೆ, ಅವನದೇ ಹೆಸರು. ಕಾಗದದ ಕಾಡವ್ವನಿಗೂ ಅದೇ ಕಾನೂನು ಹತ್ತಿತು. ಸೀತವ್ವ ಬೆನ್ನು ಬಾಗಿಸಿ ಕೂತು ಕೆಂಪಿಗೊಂದು, ಹಳದಿಗೊಂದು, ನೀಲಿಗೊಂದು ಹಾಳೆ ಬರೆಯುವಳು. ಅವು ಒಂದರ ಮೇಲೊಂದು ಅಚ್ಚಾದಾಗ ಘಟಪ್ರಭೆ ಮಳೆಗಾಲದ ಕೆಂಬಣ್ಣಕ್ಕೆ ತಿರುಗಿರುತ್ತಿತ್ತು. ಕೇದಾರಿ ಚಹಾ ಕುಡಿಯುತ್ತ ಕಣ್ಣಿನ ಚುಕ್ಕೆಗಳನ್ನಿಟ್ಟು ಎದ್ದು ಹೋಗುವನು. ಕೆಟ್ಟವನೇನಲ್ಲ. ಆದರೂ ನನಗೆ ಮೈ ಉರಿಯುತ್ತಿತ್ತು.

"ನಿನಗ ಏನೂ ಅನಸೂದಿಲ್ಲೇನ?" ಎಂದು ಒಮ್ಮೆ ಕೇಳಿದೆ.

"ಯಾಕ ಅನಸೂದಿಲ್ಲವ್ವಾ? ಸಾಯೂದ್ರಾಗ ಒಮ್ಮೆರ ನನ್ನ ಹೆಸರು ಅಚ್ಚಾಗಬೇಕು. ಮತ್ತೇನೂ ಬ್ಯಾಡ ನನಗ," ಎಂದಳು.

ಅರವತ್ತೊಂದನೆಯ ಇಸವಿಯಲ್ಲಿ ಕೇದಾರಿ ಜ್ವರ ಬಂದು ತೀರಿಕೊಂಡ, ಚಿತ್ರಕಥೆಯೂ ನಿಂತಿತು. ಕೆಲವು ತಿಂಗಳ ಮೇಲೆ ಸೀತವ್ವ ನನ್ನನ್ನು ಕರೆದುಕೊಂಡು ಪತ್ರಿಕೆಯ ಮಾಲಕ ಬಸವಣ್ಣೆಪ್ಪನ ಹತ್ತಿರ ಹೋದಳು.

"ಸಾವಕಾರ್ರ, ಇನ್ನ ಮ್ಯಾಲ ನನ್ನ ಹೆಸರ ಹಾಕ್ರಿ."

"ಹಾಕೂಣಂತ ತಂಗಿ. ಆದ್ರ ಕಣ್ಣು ಯಾರು ತೆರೀತಾರ? ಗಂಡನ್ನ ಕಳಕೊಂಡಾಕಿ ತೆರೆದ ಕಣ್ಣು ಅಂದ್ರ ಯಾವ ತಾಯಿ ತನ್ನ ಕೂಸಿನ ಕೈಯಾಗ ಕೊಡ್ತಾಳು? ನಿನ್ನ ಮೈದುನ ಸತ್ತೆಪ್ಪ ಅದಾನಲ್ಲ, ಅವಗ ಹೇಳು."

ಸತ್ತೆಪ್ಪ ಗೊಂಬೆ ಮಾರುವವನು. ಅವನು ಕುಂಚ ಹಿಡಿದರೆ ಮೆಳ್ಳೆಗಣ್ಣು ಖಾತ್ರಿ.

ಸೀತವ್ವ ಮನೆಗೆ ಬಂದು ಕುಂಚ ಹಿಡಿದಳು. ಆ ತಿಂಗಳ ಹಾಳೆಗಳನ್ನು ಬರೆದು ನನ್ನ ಮುಂದೆ ಹರವಿದಳು. ಒಂದು ಚೌಕದಲ್ಲಿ ಕಾಡವ್ವ ಗಾಳಿಯ ಧೂಳಿಗೆ ಕಣ್ಣು ಮುಚ್ಚಿದ್ದಾಳೆ. ಇನ್ನೊಂದರಲ್ಲಿ ಕಣ್ಣು ಮುಚ್ಚಿ ಹೊಟ್ಟೆ ಹಿಡಿದು ನಗುತ್ತಾಳೆ. ಆಮೇಲೆ ದೋಣಿಯಲ್ಲೇ ನಿದ್ದೆ ಹೋಗಿದ್ದಾಳೆ. ತೆರೆಯುವ ಕಣ್ಣೇ ಇಲ್ಲ! ಪದ್ಧತಿಯೂ ಉಳಿಯಿತು, ಯಾರ ಹಂಗೂ ಇಲ್ಲ. ಕೆಳಗೆ ತನ್ನ ಹೆಸರು ಬರೆದಿದ್ದಳು. ಇಬ್ಬರೂ ಹುಚ್ಚರ ಹಾಗೆ ನಕ್ಕೆವು. ಅಷ್ಟು ಸಂತೋಷವಾಗಿ ಅವಳನ್ನು ನಾನು ಮತ್ತೆ ನೋಡಲಿಲ್ಲ.

ಅಚ್ಚಾದ ಪತ್ರಿಕೆಯನ್ನು ಸತ್ತೆಪ್ಪನೇ ತಂದ, ಮುಖ ಅರಳಿಸಿಕೊಂಡು.

"ವೈನೀ, ಸಾವಕಾರ್ರು ನನ್ನ ಕರಿಸಿದ್ರು. ಅಣ್ಣ ಹೋದ ದುಃಖದಾಗ ಪಾಪ ಕಣ್ಣಿನ ಜಾಗಾ ಬಿಡೂದ ಮರತೀರಿ ಅಂತ, ಎಲ್ಲಾನೂ ನಾನ ಕುಂತು ತೆರದೇನ್ರಿ."

ನಿದ್ದೆ ಹೋದ ಕಾಡವ್ವ ರೆಪ್ಪೆಯ ಮೇಲಿನ ಎರಡು ಕರಿ ಗುಂಡುಗಳಿಂದ ದಿಟ್ಟಿಸುತ್ತಿದ್ದಳು. ಕೆಳಗೆ 'ಚಿತ್ರ: ಸತ್ತೆಪ್ಪ.' ಹರಿದು ಅವನ ಮುಖಕ್ಕೆ ಎಸೆಯಬೇಕೆನ್ನಿಸಿತು ನನಗೆ. ಆದರೆ ಅವನ ಕಣ್ಣಲ್ಲಿ ನೀರಿತ್ತು. ಅತ್ತಿಗೆಗೆ ಉಪಕಾರ ಮಾಡಿದೆನೆಂದೇ ನಂಬಿದ್ದ.

ಸೀತವ್ವ ಪುಟ ತಿರುವಿ ತಿರುವಿ ನೋಡಿದಳು.

"ಚಲೋ ಆಗೇತಿ," ಎಂದಳು.

ಮುಂದಿನ ತಿಂಗಳ ಹಾಳೆಗಳನ್ನು ಒಣಗಲು ಹರವಿದ್ದಾಗ ನೋಡಿದೆ. ಪ್ರತಿ ಚೌಕದಲ್ಲೂ ಕಾಡವ್ವನ ಕಣ್ಣಿನ ಜಾಗವನ್ನು, ಸತ್ತೆಪ್ಪನ ಒರಟು ಕೈಗೆ ಅನುಕೂಲವಾಗಲೆಂದು, ಸ್ವಲ್ಪ ದೊಡ್ಡದಾಗಿಯೇ ಖಾಲಿ ಬಿಟ್ಟಿದ್ದಳು.