ಬೆಟ್ಟ ಕಾಣುವ ಜಾಗ

"ಚಪ್ಪಲಿ ಎಲ್ಲಾರೂ ಇಲ್ಲೇ ಬಿಡ್ರಮ್ಮಾ. ಒಳಗೆ ಕಂಬ ಮುಟ್ಟಬಾರದು, ಗೋಡೆಗೆ ಒರಗಬಾರದು, ಗುಂಪು ಬಿಟ್ಟು ಒಬ್ಬೊಬ್ಬರೇ ಹೋಗಬಾರದು," ಎಂದು ಗೈಡ್ ಚಿನ್ನಸ್ವಾಮಿ ಅರಮನೆಯ ಬಾಗಿಲಲ್ಲಿ ನಿಂತು ಚಪ್ಪಾಳೆ ತಟ್ಟಿದ. ಸತ್ತೇಗಾಲದ ಹೆಂಗಸರು ಒಬ್ಬರ ಸೆರಗನ್ನೊಬ್ಬರು ಹಿಡಿದುಕೊಂಡು ಒಳಗೆ ಕಾಲಿಟ್ಟರು. ತಣ್ಣನೆಯ ನೆಲ ಅಂಗಾಲಿಗೆ ತಗುಲಿದ್ದೇ ತಡ, ಯಾರೋ "ಅಪ್ಪಪ್ಪಾ!" ಎಂದು ಕಿಸಕ್ಕನೆ ನಕ್ಕರು.

ಪುಟ್ಟಬಸಮ್ಮ ನಗಲಿಲ್ಲ. ಅವಳ ಕಣ್ಣು ಆಗಲೇ ಚಾವಣಿ ಹುಡುಕುತ್ತಿತ್ತು.

"ಈಗ ತಲೆ ಎತ್ತಿ ನೋಡಿ," ಎಂದು ಚಿನ್ನಸ್ವಾಮಿ ಹಿಂದುಹಿಂದಕ್ಕೆ ನಡೆಯುತ್ತಾ ಶುರುಮಾಡುವ ಮೊದಲೇ ಅವಳು ಪಕ್ಕದ ಚಿಕ್ಕನಿಂಗಮ್ಮನ ಕಿವಿಯಲ್ಲಿ, "ನವಿಲು ಅದೆ ನೋಡು, ಗಾಜಿನ ಒಳಗೆ," ಎಂದಳು. ಬಣ್ಣಬಣ್ಣದ ಗಾಜಿನ ಚಾವಣಿಯಲ್ಲಿ ನವಿಲುಗಳು ಗರಿಬಿಚ್ಚಿ ನಿಂತಿದ್ದವು. ಅವುಗಳ ಹಸಿರು ಬೆಳಕು ಹೆಂಗಸರ ಮುಖದ ಮೇಲೆಲ್ಲ ಬಿದ್ದಿತ್ತು.

"ಅಕ್ಕಾ, ನೀನು ಮೊದ್ಲೇ ಬಂದಿದ್ಯಾ?" ಎಂದು ಚಿಕ್ಕನಿಂಗಮ್ಮ ಬಾಯಿಬಿಟ್ಟಳು.

"ಎಲ್ಲಿ ಬರನವ್ವ. ನಮ್ಮೋರು ಎಲ್ಲಾನೂ ಏಳ್ತಿದ್ರು."

ಬೆಳಗಿನಿಂದ ಹೀಗೇ ಆಗುತ್ತಿತ್ತು. ಚಾಮುಂಡಿ ಬೆಟ್ಟದ ನಂದಿಯ ಕೊರಳ ಗಂಟೆಸರ, ಜಗನ್ಮೋಹನ ಅರಮನೆಯಲ್ಲಿ ಗಂಟೆ ಹೊಡೆದಾಗ ಗೊಂಬೆ ಸಿಪಾಯಿಗಳು ಸಾಲಾಗಿ ನಡೆಯುವ ಗಡಿಯಾರ, ಯಾವುದೂ ಪುಟ್ಟಬಸಮ್ಮನಿಗೆ ಹೊಸದಲ್ಲ. ಮದುವೆಯಾದ ಹೊಸದರಲ್ಲಿ, ಭತ್ತದ ಒಕ್ಕಣೆಯ ಕಾಲದಲ್ಲಿ ಕಣದ ಕಾವಲಿಗೆ ಕೂತಾಗ, ಮಗಳ ಬಾಣಂತನದಲ್ಲಿ ಕೂಸನ್ನು ತೊಡೆಯ ಮೇಲೆ ಹಾಕಿಕೊಂಡಾಗ ಗಂಡ ಪುಟ್ಟಮಾದಪ್ಪನವರು ಅವೆಲ್ಲವನ್ನೂ ಹೇಳಿದ್ದರು. ಹೇಳುವಾಗ ಅವರ ಕೈಯೂ ಮಾತಾಡುತ್ತಿತ್ತು. ನವಿಲು ಎಂದಾಗ ಬೆರಳು ಬಿಚ್ಚಿಕೊಳ್ಳುತ್ತಿದ್ದವು. "ನಾನು ಮೈಸೂರು ಆಸ್ಟೆಲ್ನಲ್ಲಿದ್ದಾಗ" ಎಂದು ಮಾತು ತೆಗೆದರೆ ಮನೆಯ ಆಳುಗಳೂ ಕೆಲಸ ಬಿಟ್ಟು ಕುಕ್ಕರಗಾಲಲ್ಲಿ ಕೂರುತ್ತಿದ್ದರು. ಊರು ಅವರನ್ನು ಮೈಸೂರು ಮಾದಪ್ಪ ಎಂದೇ ಕರೆಯುತ್ತಿತ್ತು. ಪೇಪರು ಓದಿ ಹೇಳುವುದಕ್ಕೆ, ತಾಲ್ಲೂಕು ಕಚೇರಿಗೆ ಅರ್ಜಿ ಬರೆಯುವುದಕ್ಕೆ ಜನ ಅವರ ಜಗಲಿಗೇ ಬರುತ್ತಿದ್ದರು.

"ಒಂದ್ಸಲ ಕರ್ಕಂಡು ಓಯ್ತೀನಿ ಕಣೆ, ಆಸ್ಟೆಲ್ಲೂ ತೋರಿಸ್ತೀನಿ. ನಾನು ಕೂತ್ಕತಿದ್ದ ಜಾಗದಿಂದ ಚಾಮುಂಡಿ ಬೆಟ್ಟ ಅಂಗೈಲಿ ಇಟ್ಟಂಗೆ ಕಾಣ್ತಿತ್ತು," ಎನ್ನುತ್ತಿದ್ದರು. ಒಂದು ವರ್ಷ ಕಬ್ಬು ಕಡಿಯುವುದಿರುತ್ತಿತ್ತು, ಇನ್ನೊಂದು ವರ್ಷ ಮನೆಯಲ್ಲಿ ಮದುವೆ. ಹೋದ ಕಾರ್ತಿಕದಲ್ಲಿ ಅವರೇ ತೀರಿಹೋದರು. ಈ ಸಲ ಮಹಿಳಾ ಸಮಾಜದ ಶಿವರತ್ನಮ್ಮ ಟೀಚರು ಒಂದು ದಿನದ ಮೈಸೂರು ಪ್ರವಾಸಕ್ಕೆ ಬಸ್ಸು ಗೊತ್ತುಮಾಡಿದಾಗ ಪುಟ್ಟಬಸಮ್ಮ ಎಲ್ಲರಿಗಿಂತ ಮೊದಲು ಹೆಸರು ಹೇಳಿದ್ದಳು. ಅರಮನೆ ನೋಡುವ ಆಸೆಗಲ್ಲ, ಹಾಸ್ಟೆಲ್ ನೋಡುವುದಕ್ಕೆ.

ಮಧ್ಯಾಹ್ನ ಛತ್ರವೊಂದರ ಅಂಗಳದಲ್ಲಿ ಬುತ್ತಿ ಬಿಚ್ಚಿದರು. ಊಟವಾದ ಮೇಲೆ ಹೆಂಗಸರೆಲ್ಲ ಬಳೆ, ಹೂವು ಎಂದು ಮಾರ್ಕೆಟ್ಟಿನ ಕಡೆ ಹೊರಟರು. ಪುಟ್ಟಬಸಮ್ಮ ಚಿನ್ನಸ್ವಾಮಿಯ ಹತ್ತಿರ ಹೋಗಿ ಹಾಸ್ಟೆಲ್ಲಿನ ಗುರುತು ಹೇಳಿದಳು: ಮಠದವರು ನಡೆಸೋದು, ಮುಂದೆ ಕಲ್ಲಿನ ಕಮಾನು, ಪಕ್ಕದಲ್ಲಿ ಬಾವಿ.

"ಬಾವಿ ಮುಚ್ಚಿದಾರೆ ತಾಯಿ, ಕಮಾನು ಇದೆ. ನಡ್ಕೊಂಡೇ ಹೋಗಬಹುದು. ನಾಲ್ಕೂವರೆಗೆ ಕೋಟೆ ಒಳಗಿನ ತ್ರಿನೇಶ್ವರನ ಗುಡಿ ಹತ್ರ ಸೇರ್ಕೊಂಬಿಡಿ," ಎಂದು ಅವನು ದಾರಿ ತೋರಿಸಿದ. ಆಮೇಲೆ, "ನಿಮ್ಮ ಮಗ ಓದ್ತಿದ್ದಾನಾ ಅಲ್ಲಿ?" ಎಂದ.

"ನಮ್ಮ ಯಜಮಾನ್ರು."

ಅವನು ನಗಲೋ ಬೇಡವೋ ಎಂದು ತಿಳಿಯದೆ ತಲೆಯಾಡಿಸಿದ.

ಜೊತೆಗೆ ಚಿಕ್ಕನಿಂಗಮ್ಮ ಹೊರಟಳು. ಎದುರುಮನೆಯವಳು. ಅವಳ ಕಿವಿಗೆ ಬಿದ್ದ ಮಾತು ಕೆರೆ ಏರಿ ದಾಟುವ ಹೊತ್ತಿಗೆ ಕೈಕಾಲು ಮೂಡಿಸಿಕೊಂಡಿರುತ್ತದೆ ಎಂದು ಊರೆಲ್ಲ ಹೇಳುತ್ತಿತ್ತು. ಬೇರೆ ದಿನವಾಗಿದ್ದರೆ ಪುಟ್ಟಬಸಮ್ಮ ಏನಾದರೂ ನೆಪ ಹೇಳಿ ತಪ್ಪಿಸಿಕೊಳ್ಳುತ್ತಿದ್ದಳು. ಇವತ್ತು ಅವಳೂ ನೋಡಲಿ ಅನ್ನಿಸಿತು.

ಕಮಾನಿನ ಒಳಗೆ ಮಹಡಿಯ ಉದ್ದನೆಯ ಕಟ್ಟಡ. ಹುಡುಗರು ಲುಂಗಿ ಎತ್ತಿಕಟ್ಟಿ ಓಡಾಡುತ್ತಿದ್ದರು. ಪುಟ್ಟಬಸಮ್ಮ ಒಂದೊಂದೇ ಕಿಟಕಿ ನೋಡಿದಳು. ಎಲ್ಲವೂ ರಸ್ತೆಯ ಕಡೆಗೇ ತೆರೆದಿದ್ದವು. ಬೆಟ್ಟವಿದ್ದದ್ದು ಹಿಂದಕ್ಕೆ. ಎಲ್ಲಿ ಕೂತರೆ ಬೆಟ್ಟ ಕಾಣುತ್ತದೆ ಎಂಬುದೇ ಅವಳಿಗೆ ಹೊಳೆಯಲಿಲ್ಲ.

ಆಫೀಸಿನಲ್ಲಿದ್ದವರು, "ಅಷ್ಟು ಹಳೇ ಕಾಲದ್ದು ನಮಗೆಲ್ಲಿ ಗೊತ್ತಮ್ಮ? ಅಡುಗೆ ಶಿವನಂಜಯ್ಯನವರಿದಾರೆ, ಕೇಳಿ," ಎಂದು ಹಿತ್ತಲ ಕಡೆ ಕೈತೋರಿಸಿದರು. ಅಡುಗೆಮನೆಯ ಬಾಗಿಲಲ್ಲಿ ಮುದುಕರೊಬ್ಬರು ಮೊರ ಹಿಡಿದು ಅವರೆಕಾಯಿ ಸುಲಿಯುತ್ತಿದ್ದರು. ಹಣೆಯ ವಿಭೂತಿ ಬೆವರಿಗೆ ಅರ್ಧ ಅಳಿಸಿತ್ತು.

"ಸತ್ತೇಗಾಲದೋರು ಕಣಪ್ಪ ನಾವು. ನಮ್ಮ ಯಜಮಾನ್ರು ಇಂದೆ ಇಲ್ಲಿದ್ರಂತೆ," ಎಂದಳು ಪುಟ್ಟಬಸಮ್ಮ.

"ಯಾನ ಎಸ್ರು?"

ಗಂಡನ ಹೆಸರನ್ನು ಅವಳು ಬಾಯಲ್ಲಿ ಆಡಿದವಳಲ್ಲ. ಚಿಕ್ಕನಿಂಗಮ್ಮನ ಕಡೆ ನೋಡಿದಳು. "ಪುಟ್ಟಮಾದಪ್ಪ ಅಂತವ. ಪಟೇಲ್ರ ಬೀದಿಯೋರು," ಎಂದಳು ಚಿಕ್ಕನಿಂಗಮ್ಮ.

ಮುದುಕರ ಕೈ ಮೊರದಲ್ಲೇ ನಿಂತಿತು. "ಪುಟ್ಟಮಾದನಾ? ಕಿವಿ ಮೇಲೆ ಮಚ್ಚೆ ಇತ್ತಲ್ಲ, ಅವ್ನಾ? ಅಯ್ಯೋ ನಮ್ಮಪ್ಪ! ಅವ್ನೂ ನಾನೂ ಒಂದೇ ಕಲ್ನಲ್ಲಿ ರುಬ್ದೋರಲ್ವ! ಎಂಗವ್ನೆ?"

ಏಕವಚನ ಕೇಳಿ ಪುಟ್ಟಬಸಮ್ಮನ ಮುಖ ಬಿಗಿಯಿತು. "ಓದ ಕಾರ್ತೀಕದಲ್ಲಿ ಶಿವೈಕ್ಯರಾದ್ರು," ಎಂದಳು. ಆಮೇಲೆ, "ನೀವು ಏಳ್ತಿರೋರು ಬೇರೆ ಇರಬೇಕು. ನಮ್ಮೋರು ಇಲ್ಲಿ ಓದ್ತಿದ್ರು."

ಶಿವನಂಜಯ್ಯ ಮೊರವನ್ನು ಕೆಳಗಿಟ್ಟರು. ಇಬ್ಬರನ್ನೂ ಒಂದು ಗಳಿಗೆ ನೋಡಿದರು. ಹೇಳಬಾರದ್ದನ್ನು ಹೇಳಿಬಿಟ್ಟೆನೇನೋ ಎಂಬಂತೆ ಹೆಗಲ ಟವೆಲು ತೆಗೆದು ಮುಖ ಒರೆಸಿಕೊಂಡರು.

"ಓದಕ್ಕೇ ಬಂದಿದ್ದ ಕಣವ್ವ," ಎಂದರು ಮೆಲ್ಲಗೆ. "ಟ್ರಂಕು, ಆಸ್ಗೆ ಎಲ್ಲ ತಕಂಡು. ಆಗ ನಿಮ್ಮೂರು ಮದ್ರಾಸ್ ಸರ್ಕಾರದ್ದು ನೋಡು. ಈ ಸೀಮೆ ಮಕ್ಳಿಗೇ ಜಾಗ ಸಾಲ್ದು, ಆಚೆ ಸರ್ಕಾರದೋರ್ಗೆ ಎಲ್ಲಿಂದ ತರನಾ ಅಂದ್ಬುಟ್ರು. ವಾಪಸ್ ಓಗಪ್ಪ ಅಂದ್ರೆ ಜಗಲಿ ಬುಟ್ಟು ಏಳ್ನೇ ಇಲ್ಲ. ಊರೋರೆಲ್ಲ ಗಾಡಿ ತಂಕ ಬಂದು ಕಳಿಸವ್ರೆ, ಯಾವ ಮೊಖ ಇಟ್ಕಂಡು ಓಗ್ಲಿ ಅಂತ ಅತ್ಬುಟ್ಟ. ನಮ್ಮ ದೊಡ್ಡ ಭಟ್ರು, ರುಬ್ಬಕ್ಕೆ ಒಂದಾಳು ಬೇಕು ಇರು ಅಂದ್ರು. ಇದ್ದ. ಎರಡು ವರ್ಷ ಇದ್ದ."

ಹಿತ್ತಲಲ್ಲಿ ನುಗ್ಗೆಮರದ ಕೆಳಗೆ ದೊಡ್ಡದೊಂದು ಒರಳುಕಲ್ಲು ಬಿದ್ದಿತ್ತು. ಈಗ ಮೆಷಿನ್ನು ಬಂದಿದೆ, ಅದನ್ನು ಯಾರೂ ಮುಟ್ಟುವುದಿಲ್ಲ ಎಂದರು ಶಿವನಂಜಯ್ಯ. ಗುಳಿಯಲ್ಲಿ ಮಳೆನೀರು ನಿಂತು ಒಣಗಿದ ಗುರುತು. ಅಂಚು ಒಂದು ಕಡೆ ಕನ್ನಡಿಯ ಹಾಗೆ ನುಣುಪಾಗಿತ್ತು.

"ಉಡುಗ್ರು ಇಲ್ಲಿ ಕಂಬಕ್ಕೆ ಒರಗಿ ಗಟ್ಟಿಯಾಗಿ ಓದೋರು. ಇವ್ನು ರುಬ್ತಾ ರುಬ್ತಾ ಕೇಳ್ಕಳೋನು. ಪದ್ಯವೂ ಕೇಳ್ಕಳೋನು, ಲೆಕ್ಕವೂ ಕೇಳ್ಕಳೋನು. ಒಬ್ಬ ಉಡ್ಗ ಇವ್ನ ಕೈಲಿ ಇಂಗ್ಲೀಷ್ ಅಕ್ಷರ ತಿದ್ದಿಸ್ದ, ಹಿಟ್ಟಿನ ಮೇಲೇಯ. ದಸರಾದಲ್ಲಿ ಉಡುಗ್ರು ಅರಮನೆ ನೋಡ್ಕಂಡು ಬಂದು ಅದು ಇಂಗದೆ, ಇದು ಅಂಗದೆ ಅಂತ ಏಳೋರು. ಇವ್ನಿಗೆ ಊಟ ನಿದ್ದೆ ಬ್ಯಾಡ, ಮತ್ತೆ ಏಳು ಮತ್ತೆ ಏಳು ಅನ್ನೋನು."

"ಅವ್ರು ನೋಡಿರ್ನಿಲ್ವಾ?" ಎಂದಳು ಪುಟ್ಟಬಸಮ್ಮ. "ನವಿಲಿನ ಗಾಜು? ಗೊಂಬೆ ಗಡಿಯಾರ?"

"ಅಡುಗೆಮನೆ ಆಳ್ನ ಒಳಿಕೆ ಯಾರವ್ವ ಬುಟ್ಟಾರು? ನಾನೇ ಇನ್ನೂ ನೋಡಿಲ್ಲ."

ಅವಳು ಒರಳಿನ ಪಕ್ಕದ ಮೋಟುಗೋಡೆಯ ಮೇಲೆ ಕೂತಳು. ಮೊದಲು ಬಂದದ್ದು ಸಿಟ್ಟು. ಮೂವತ್ತು ವರ್ಷಕ್ಕೂ ಮೇಲೆ ಒಂದೇ ಸೂರಿನ ಕೆಳಗಿದ್ದವರು ತನಗೊಬ್ಬಳಿಗಾದರೂ ಹೇಳಬಾರದಿತ್ತೇ? ಆ ಸಿಟ್ಟಿನಲ್ಲೇ ಅವರ ಮಾತುಗಳನ್ನೆಲ್ಲ ಒಂದೊಂದಾಗಿ ಎಳೆದು ನೋಡಿದಳು. 'ಓದಿದೆ' ಎಂದು ಅವರು ಎಂದಾದರೂ ಹೇಳಿದ್ದು ನೆನಪಿಗೆ ಬರಲಿಲ್ಲ. 'ಇದ್ದೆ' ಎನ್ನುತ್ತಿದ್ದರು. ಓದಿದ್ದನ್ನು ಸೇರಿಸಿದ್ದು ಊರು, ತಾನು.

ಕೊಳ್ಳೇಗಾಲವನ್ನು ಮದ್ರಾಸಿನಿಂದ ತೆಗೆದು ಮೈಸೂರಿಗೆ ಸೇರಿಸಿದ ದಿನ ಅವರು ಇಡೀ ಬೀದಿಗೆ ಸಕ್ಕರೆ ಹಂಚಿದ್ದರು. ಸಂಜೆ ನೋಡಿದರೆ ಹಿತ್ತಲ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಒಬ್ಬರೇ ಕೂತು ಟವೆಲಿನ ತುದಿಯಿಂದ ಕಣ್ಣೊತ್ತಿಕೊಳ್ಳುತ್ತಿದ್ದರು. "ಯಾನ್ರೀ ಇದು, ಒಳ್ಳೆ ದಿನದಲ್ಲಿ?" ಎಂದಿದ್ದಳು. "ತಡ ಆಯ್ತು ಕಣೆ," ಎಂದಿದ್ದರು. ಊಟಕ್ಕೆ ತಡವಾಯಿತು ಎಂದುಕೊಂಡು ಅವಳು ಎಲೆ ಹಾಕಿದ್ದಳು.

ಪುಟ್ಟಬಸಮ್ಮ ಒರಳಿನ ಅಂಚಿನ ಮೇಲೆ ಅಂಗೈಯಿಟ್ಟಳು. ಬಿಸಿಲಿಗೆ ಕಲ್ಲು ಬೆಚ್ಚಗಿತ್ತು. ತಲೆಯೆತ್ತಿದರೆ ಎದುರಿಗೆ, ನುಗ್ಗೆಕೊಂಬೆಗಳ ಸಂದಿಯಲ್ಲಿ, ಬೆಟ್ಟವಿತ್ತು. ಗುಡಿಯ ಗೋಪುರವೂ ಕಾಣುತ್ತಿತ್ತು.

ಶಿವನಂಜಯ್ಯ ಇಬ್ಬರಿಗೂ ಮಜ್ಜಿಗೆ ಕೊಟ್ಟರು. ಹೊರಡುವಾಗ ಪುಟ್ಟಬಸಮ್ಮ, "ಒಂದ್ಸಲ ಅರಮನೆ ನೋಡ್ಕಂಡು ಬನ್ನಿ, ಅಣ್ಣ. ಈಗ ಬುಡ್ತಾರೆ," ಎಂದಳು. ಅವರು, "ಆಗ್ಲಿ ತಾಯಿ," ಎಂದು ಮತ್ತೆ ಮೊರದ ಮುಂದೆ ಕೂತರು.

ದಾರಿಯುದ್ದಕ್ಕೂ ಚಿಕ್ಕನಿಂಗಮ್ಮ ಒಂದು ಮಾತೂ ಆಡಲಿಲ್ಲ. ಅವಳು ಮಾತಾಡದೆ ಅಷ್ಟು ದೂರ ನಡೆದದ್ದನ್ನು ಪುಟ್ಟಬಸಮ್ಮ ಎಂದೂ ಕಂಡಿರಲಿಲ್ಲ. ನಾಳೆ ಹೊತ್ತು ಮೂಡುವುದರೊಳಗೆ ಬಾವಿಕಟ್ಟೆಯಲ್ಲಿ ಏನೇನು ನಡೆಯುತ್ತದೋ ಎಂದು ಪುಟ್ಟಬಸಮ್ಮ ನೆನೆದಳು. ಮೈಸೂರು ಮಾದಪ್ಪನ ಮೊಮ್ಮಕ್ಕಳು ಎಂದು ಹೆಮ್ಮೆಪಡುವ ಮಕ್ಕಳು ಮನೆಯಲ್ಲಿದ್ದವು.

ತ್ರಿನೇಶ್ವರನ ಗುಡಿಯಲ್ಲಿ ಮಂಗಳಾರತಿ ಆಗಿತ್ತು. ಹೆಂಗಸರು ಕಲ್ಲು ಜಗಲಿಯ ಮೇಲೆ ಕಾಲುಚಾಚಿ ಕೂತು ಹೊಸ ಬಳೆಗಳನ್ನು ಒಬ್ಬರಿಗೊಬ್ಬರು ತೋರಿಸುತ್ತಿದ್ದರು. ಚಿನ್ನಸ್ವಾಮಿ ನಂದಿಯ ಪಕ್ಕ ನಿಂತು ಗುಡಿಯ ಕಥೆ ಮುಗಿಸುತ್ತಿದ್ದ. ಇವರನ್ನು ಕಂಡು ಶಿವರತ್ನಮ್ಮ ಟೀಚರು, "ಬನ್ನಿ ಬಸಮ್ನೋರೇ. ಸಿಕ್ತಾ ಯಜಮಾನ್ರು ಓದಿದ ಹಾಸ್ಟೆಲ್ಲು?" ಎಂದರು. ಎಲ್ಲರೂ ಇತ್ತ ತಿರುಗಿದರು.

ಪುಟ್ಟಬಸಮ್ಮ ಸೆರಗನ್ನು ಹೆಗಲ ಮೇಲೆ ಎಳೆದುಕೊಂಡಳು.

"ಸಿಕ್ತು ಮೇಡಮ್ಮೋರೆ!" ಎಂದಳು ಚಿಕ್ಕನಿಂಗಮ್ಮ ಗಟ್ಟಿಯಾಗಿ. "ಎಂಥಾ ಬಿಲ್ಡಿಂಗು ಅಂತೀರಿ! ಅಣ್ಣಯ್ಯನೋರು ಇದ್ದ ರೂಮು ಮಹಡಿ ಮೇಲೆ. ಮೇಜು, ಕುರ್ಚಿ ಎಲ್ಲ ಅಂಗೇ ಇಟ್ಟವ್ರೆ. ಓದೋದ್ರಲ್ಲಿ ಅವ್ರೇ ಮುಂದಂತೆ, ಅಲ್ಲಿಯ ಅಯ್ಯನೋರು ಒಬ್ರು ಏಳುದ್ರು." ಹೇಳಿ, ಪುಟ್ಟಬಸಮ್ಮನ ಕಡೆ ನೋಡದೆ, ಜಗಲಿಯ ತುದಿಗೆ ಹೋಗಿ ಕೂತುಬಿಟ್ಟಳು.

ಹೆಂಗಸರು ತಲೆದೂಗಿದರು. "ಆ ಗತ್ತೇ ಏಳ್ತಿತ್ತಲ್ಲ," ಎಂದರು ಯಾರೋ.

ಪುಟ್ಟಬಸಮ್ಮ ಚಿಕ್ಕನಿಂಗಮ್ಮನ ಪಕ್ಕದಲ್ಲಿ ಹೋಗಿ ಕೂತು ಅವಳ ಕೈ ಹಿಡಿದುಕೊಂಡಳು. ಇಲ್ಲಿಗೆ ಬಿಟ್ಟುಬಿಡಬಹುದಾಗಿತ್ತು. ಆದರೆ ಮಹಡಿಯ ಮೇಲೆ ಮೇಜಿನ ಮುಂದೆ ಕೂತಿರುವ ಆ ಹುಡುಗನನ್ನು ನೆನೆಯಲು ನೋಡಿದರೆ ಅವನಿಗೆ ಮುಖವೇ ಮೂಡಲಿಲ್ಲ. ಅವನು ಯಾರೋ ಬೇರೆಯವನು. ಅವಳಿಗೆ ಕಾಣುತ್ತಿದ್ದವನು ಹಿಟ್ಟಿನ ಕೈಯಲ್ಲಿ, ಕಿವಿ ಒಂದು ಕಡೆ ಕೊಟ್ಟು, ಕಲ್ಲು ತಿರುಗಿಸುತ್ತಿದ್ದ.

"ಇಲ್ಲ ಕಣ್ರವ್ವ," ಎಂದಳು. "ನಿಂಗವ್ವ ನನ್ನ ಮನ ನೋಯ್ಬಾರ್ದು ಅಂತ ಏಳ್ತಾವ್ಳೆ. ನಮ್ಮೋರ್ಗೆ ಅಲ್ಲಿ ಸೀಟು ಸಿಕ್ನಿಲ್ಲ. ನಾವು ಆಗ ಮದ್ರಾಸ್ನೋರಲ್ವ. ಅಡುಗೆಮನೇಲಿ ರುಬ್ತಿದ್ರಂತೆ. ಉಡುಗ್ರು ಓದೋದ ಕೇಳ್ಕಂಡು ಕೇಳ್ಕಂಡು ಕಲ್ತವ್ರೆ."

ಜಗಲಿಯ ಮೇಲೆ ಬಳೆಗಳ ಸದ್ದು ನಿಂತಿತು. ಚಿಕ್ಕನಿಂಗಮ್ಮ, "ಅಕ್ಕಾ," ಎಂದು ಅವಳ ಕೈ ಜಗ್ಗಿದಳು.

"ಅರಮನೆಯೂ ಅವ್ರು ನೋಡಿರ್ನಿಲ್ಲ. ನಮಗೆ ಏಳ್ತಿದ್ರಲ್ಲ, ನವಿಲು, ಕಂಬ, ಎಲ್ಲಾನೂವೆ, ಅದು ಕೇಳಿದ್ದು. ಇವತ್ತು ನಾನು ನೋಡ್ದೆ. ಅವ್ರು ಏಳಿದ್ದು ಒಂದೂ ತಪ್ಪಿರ್ನಿಲ್ಲ."

ಟೀಚರು ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸತೊಡಗಿದರು. ಕೊನೆಗೆ ಗುಂಪಿನಲ್ಲೆಲ್ಲ ಹಿರಿಯಳಾದ ಗೋವಿಂದಮ್ಮಜ್ಜಿ ಎಲೆಯಡಿಕೆಯ ಕುಟ್ಟಾಣಿ ಕೆಳಗಿಟ್ಟು, "ಅದ್ಕೇಯ ನೋಡು," ಎಂದಳು. "ನನ್ ಮಗಳ ಮದ್ವೇಲಿ ನಿಮ್ಮೋರು ಒರಳ ತಾವ ಬಂದು, ಇನ್ನೂ ನುಣ್ಗಾಗ್ಬೇಕು ಏಳ್ರವ್ವ ಅಂತ ನಮ್ಮನ್ನ ಎಬ್ಬಿಸಿ, ಪಂಚೆ ಎತ್ಕಟ್ಟಿ ಕೂತೇಬುಟ್ರು. ಅಂಥಾ ದೊಡ್ಡಮನುಸ ರುಬ್ಬೋದಾ ಅಂತ ನಾನು ನಾಚ್ಕಂಡಿದ್ದೆ. ಏನು ಕೈ ಅಂತೀಯ! ಆವತ್ತಿನ ಚಟ್ನಿ ಇನ್ನೂ ನನ್ ನಾಲ್ಗೇಲಿ ಅದೆ."

ಮೊದಲು ನಕ್ಕವಳು ಪುಟ್ಟಬಸಮ್ಮನೇ. ಆಮೇಲೆ ಜಗಲಿಯೆಲ್ಲ ನಕ್ಕಿತು. ನಗುತ್ತಾ ನಗುತ್ತಾ ಅವಳ ಕಣ್ಣಿನಿಂದ ನೀರು ಇಳಿಯಿತು. ಅದನ್ನು ಒರೆಸಿಕೊಳ್ಳುವ ಗೋಜಿಗೆ ಅವಳು ಹೋಗಲಿಲ್ಲ. ಚಿನ್ನಸ್ವಾಮಿ ಗಡಿಯಾರ ನೋಡಿಕೊಂಡ, ಅವಸರ ಮಾಡದೆ ಇನ್ನೂ ಸ್ವಲ್ಪ ಹೊತ್ತು ನಿಂತ.

ಬಸ್ಸು ನರಸೀಪುರಕ್ಕೆ ಬಂದಾಗ ಹೊತ್ತು ಇಳಿದಿತ್ತು. ಡ್ರೈವರು ಟೀ ಕುಡಿಯಲು ನಿಲ್ಲಿಸಿದ. ಹೆಂಗಸರು ಕಾಲು ಆಡಿಸಲು ಇಳಿದರು. ಚಿಕ್ಕನಿಂಗಮ್ಮ ಪುಟ್ಟಬಸಮ್ಮನ ಭುಜಕ್ಕೆ ತಲೆಯಿಟ್ಟು, ಬಾಯಿ ಸ್ವಲ್ಪ ತೆರೆದು, ನಿದ್ದೆ ಹೋಗಿದ್ದಳು. ಎಚ್ಚರವಾದೀತೆಂದು ಪುಟ್ಟಬಸಮ್ಮ ಏಳಲಿಲ್ಲ. ಕಿಟಕಿಯಾಚೆ ಸಂಗಮದಲ್ಲಿ ಎರಡು ಹೊಳೆಗಳು ಕೂಡಿ ಹರಿಯುತ್ತಿದ್ದವು. ಅಂಬಿಗನೊಬ್ಬ ಅಂದಿನ ಕೆಲಸ ಮುಗಿಸಿ ಹರಿಗೋಲನ್ನು ತಲೆಯ ಮೇಲೆ ಬೋರಲು ಹಾಕಿಕೊಂಡು ದಡ ಹತ್ತುತ್ತಿದ್ದ. ಅದರಿಂದ ನೀರು ತೊಟ್ಟಿಕ್ಕಿ ಮರಳಿನ ಮೇಲೆ ಗೆರೆಯಾಗಿ ಅವನ ಹಿಂದೆಯೇ ಬರುತ್ತಿತ್ತು.