ಹಾಸಿಗೆಯೊಳಗಿನ ಮಬ್ಬು

ಹಳೇ ಹಾಸಿಗೆ ಬಿಚ್ಚಿದವರಿಗೆ ಮಾತ್ರ ಗೊತ್ತಿರುವ ಸಂಗತಿಯೊಂದಿದೆ. ತಲೆ ಇಡುವ ಕಡೆ, ಹತ್ತಿಯ ನಡುವೆ, ಬೂದಿ ಬಣ್ಣದ ಮೆತ್ತನೆಯ ಉಂಡೆಯೊಂದು ಕೈಗೆ ಸಿಗುತ್ತದೆ. ಮಲಗಿದವರ ಕನಸೆಲ್ಲ ವರ್ಷಗಟ್ಟಲೆ ಇಳಿದಿಳಿದು ಹಾಗೆ ಗಟ್ಟಿಯಾಗುತ್ತದಂತೆ. ಹಳೇ ಹಾಸಿಗೆ ಬಿಚ್ಚಿ ಮತ್ತೆ ಹೊಲಿದುಕೊಡುವ ಕಸುಬಿನವರು ಅದನ್ನು ಮಬ್ಬು ಅನ್ನುತ್ತಾರೆ. ಯಾರ ಮಬ್ಬನ್ನು ಅವರ ಹಾಸಿಗೆಗೇ ತುಂಬಬೇಕು, ಎರಡು ಮನೆಯದು ಬೆರೆಯಬಾರದು, ಇದೊಂದೇ ಕಟ್ಟಳೆ. ನಮ್ಮ ಹಾಸಿಗೆಯವನು ಇಪ್ಪತ್ತು ವರ್ಷ ಅದನ್ನು ಚಾಚೂ ತಪ್ಪದೆ ನಡೆಸಿಕೊಂಡು ಬಂದಿದ್ದ. ಅವತ್ತು ಬುದ್ಧಿಗೆ ಅದೇನು ಮಂಕು ಕವಿಯಿತೋ, ನಿವೃತ್ತಿಯಾದ ಟೀಚರಮ್ಮನ ಹಾಸಿಗೆಯ ಪಕ್ಕದಲ್ಲೇ ತನ್ನ ಮನೆಯದನ್ನೂ ಬಿಚ್ಚಿದ. ಸಾಲದ್ದಕ್ಕೆ ಸೆಕೆಯೆಂದು ಫ್ಯಾನ್ ಬೇರೆ ಹಾಕಿದ. ಎರಡು ಉಂಡೆಗಳೂ ಉರುಳಿಕೊಂಡು ಹೋಗಿ ಒಂದೇ ಆಗಿಬಿಟ್ಟವು. ಬಿಡಿಸಲು ನೋಡಿದರೆ ಎಲ್ಲಿ ಯಾರದು ಮುಗಿದು ಯಾರದು ಶುರುವಾಗುತ್ತದೆಂದೇ ತಿಳಿಯಲಿಲ್ಲ.

ಅವನು ಹಣೆ ಚಚ್ಚಿಕೊಳ್ಳುತ್ತಿರುವಾಗಲೇ ಆರೇಳು ವರ್ಷದ ಹುಡುಗಿಯೊಬ್ಬಳು ಒಳಮನೆಯಿಂದ ಬಾಚಣಿಗೆ ಹಿಡಿದು ಬಂದು, ಅವನಿಗೆ ಬೆನ್ನು ಹಾಕಿ ಕೂತಳು.

"ಅಪ್ಪಾ, ಜಡೆ ಹಾಕು. ಅಮ್ಮ ತುಂಬಾ ಬಿಗೀತಾಳೆ."

ಮದುವೆಯಾಗಿ ಹನ್ನೆರಡು ವರ್ಷವಾದರೂ ಅವನಿಗೂ ಹೆಂಡತಿಗೂ ಮಕ್ಕಳಿರಲಿಲ್ಲ. ಇರಲಿಲ್ಲ ತಾನೇ? ಅನುಮಾನ ಬಂದದ್ದು ಬೆರಳುಗಳಿಂದ. ಅವು ಆಗಲೇ ಕೂದಲನ್ನು ಮೂರು ಪಾಲು ಮಾಡಿ, ದಿನಾ ಮಾಡಿದ ಕೆಲಸವೆಂಬಂತೆ ಹೆಣೆಯುತ್ತಿದ್ದವು.

ಹೆಂಡತಿ ಅಡುಗೆಮನೆಯಲ್ಲಿ ಚಹಾಕ್ಕೆ ನೀರಿಟ್ಟಿದ್ದಳು. ಮೆಲ್ಲಗೆ ಹೋಗಿ ಕೇಳಿದ, "ಲೇ, ಈ ಮಗು ಯಾರದೇ?"

"ಬೆಳಿಗ್ಗೆ ಬೆಳಿಗ್ಗೆ ಏನ್ರೀ ನಿಮ್ದು! ಹೆತ್ತೋಳು ನಾನು, ಯಾರದು ಅಂತ ನನ್ನೇ ಕೇಳ್ತೀರಲ್ಲ!" ಅವಳು ಹಾಲಿನ ಲೋಟ ಅವನ ಕೈಗಿಟ್ಟಳು. "ಇದನ್ನ ಕುಡಿಸಿ ಮೊದಲು. ಕೆನೆ ತೆಗೆದಿದೀನಿ ಅಂತ ಹೇಳಿ, ಇಲ್ದಿದ್ರೆ ಬಾಯೇ ತೆರೆಯಲ್ಲ ನಿಮ್ಮ ಮಹಾರಾಣಿ."

ಬಾಗಿಲ ಚೌಕಟ್ಟಿನ ಮೇಲೆ ಮಗುವಿನ ಎತ್ತರ ಗುರುತು ಮಾಡಿದ ಪೆನ್ಸಿಲ್ ಗೆರೆಗಳು ಐದಿದ್ದವು. ಅವನು ಲೋಟ ಕೊಟ್ಟು ಬಂದು ನೋಡುವಷ್ಟರಲ್ಲಿ ಎಂಟಾಗಿದ್ದವು. ಜ್ವರ ಬಂದ ಮಗುವನ್ನು ಹೆಗಲ ಮೇಲೆ ಹಾಕಿಕೊಂಡು ಓಡಿದ್ದು ನೆನಪಾಯಿತು. ಅದು ನಡೆದದ್ದು ಯಾವತ್ತು? ಬಿದ್ದ ಹಲ್ಲನ್ನು ಅವಳು ಸೂಜಿ ಡಬ್ಬಿಯಲ್ಲಿ ಬಚ್ಚಿಟ್ಟಿದ್ದೂ ನೆನಪಾಯಿತು. ಡಬ್ಬಿ ತೆರೆದರೆ ಹಲ್ಲು ಅಲ್ಲೇ ಇತ್ತು. ಜಡೆ ಸೊಂಟಕ್ಕೆ ಬಂದಿತ್ತು, ಹೊರಗೆ ಬಿಸಿಲು ಇಳಿದಿತ್ತು, ಒಲೆಯ ಮೇಲಿನ ನೀರು ಮಾತ್ರ ಇನ್ನೂ ಕುದಿ ಬಂದಿರಲಿಲ್ಲ. ತನಗೆ ಹುಚ್ಚು ಹಿಡಿದಿದೆಯೋ, ಇಷ್ಟು ದಿನ ಹಿಡಿದಿದ್ದದ್ದು ಈಗ ಬಿಟ್ಟಿದೆಯೋ, ಅವನಿಗೆ ಅರ್ಥವಾಗಲಿಲ್ಲ. ಒಂದಂತೂ ಖಚಿತವಾಗಿತ್ತು. ಈ ಮಗು ಅವನಿಗೆ ಬೇಕಾಗಿತ್ತು.

ಹಾಗಾಗಿ ಕಳ್ಳಕೆಲಸಕ್ಕೆ ಇಳಿದ. ಬೆರೆತ ಮಬ್ಬನ್ನು ತನ್ನ ಹಾಸಿಗೆಯಲ್ಲಿಟ್ಟು ಹೊಲಿದ. ಟೀಚರಮ್ಮನದಕ್ಕೆ ಬರೀ ಹೊಸ ಹತ್ತಿ ತುಂಬಿದ. ನೋಡಲು ಅದು ಮೊದಲಿಗಿಂತ ಲಕ್ಷಣವಾಗಿತ್ತು.

ಸಂಜೆ ಟೀಚರಮ್ಮ ಬಂದರು. ಗಿರಾಕಿ ಒಂದು ಸಲ ಮಲಗಿ ನೋಡಿಯೇ ಹಾಸಿಗೆ ಒಯ್ಯುವುದು ಅಲ್ಲಿಯ ವಾಡಿಕೆ. ಅವರು ಚಪ್ಪಲಿ ಬಿಟ್ಟು, ಮಲಗಿ, ಕಣ್ಣು ಮುಚ್ಚಿದರು. ಬಹಳ ಹೊತ್ತಾದ ಮೇಲೆ ಎದ್ದು ಕೂತರು.

"ಅವಳು ಬರ್ಲಿಲ್ಲ ಕಣಪ್ಪ."

"ಯಾರು ಟೀಚರಮ್ಮಾ?"

"ನನ್ನ ಮಗಳು. ನಗ್ಬೇಡ ಮತ್ತೆ. ನಂಗೆ ಮದ್ವೇನೂ ಇಲ್ಲ, ಮಕ್ಕಳೂ ಇಲ್ಲ. ಆದ್ರೆ ಮೂವತ್ತು ವರ್ಷದಿಂದ ಕಣ್ಣು ಮುಚ್ಚಿದ್ರೆ ಸಾಕು, ಬಾಚಣಿಗೆ ಹಿಡ್ಕೊಂಡು ಬಂದುಬಿಡೋಳು. ಹಾಲಲ್ಲಿ ಕೆನೆ ಇದ್ರೆ ಮುಟ್ಟೋಳಲ್ಲ, ಅಷ್ಟು ಹಟ." ಅವರು ಸೆರಗಿನಿಂದ ಕಣ್ಣೊರೆಸಿಕೊಂಡರು. "ನಿನ್ನ ತಪ್ಪೇನಿಲ್ಲ ಬಿಡು. ನಂಗೇ ವಯಸ್ಸಾಯ್ತು. ಅವಳ ಮುಖಾನೂ ಮರೆತೆ ಅಂತ ಕಾಣುತ್ತೆ."

ಬೈದಿದ್ದರೆ ಸುಮ್ಮನೆ ಬೈಸಿಕೊಂಡಿರುತ್ತಿದ್ದ. ತಪ್ಪನ್ನು ತಮ್ಮ ಮೇಲೇ ಹಾಕಿಕೊಂಡದ್ದನ್ನು ಅವನಿಂದ ನೋಡಲಾಗಲಿಲ್ಲ.

"ಒಂದ್ನಿಮಿಷ ಕೂತ್ಕೊಳ್ಳಿ," ಎಂದು ಕತ್ತರಿ ಹಿಡಿದು ಒಳಗೆ ಹೋದ.

ಹುಡುಗಿ ಅವನ ಹಾಸಿಗೆಯ ಮೇಲೆ ಕಾಲು ಚಾಚಿ ಕೂತಿದ್ದಳು. "ಕತ್ತರಿ ಯಾಕಪ್ಪಾ?"

"ಒಂದು ಹೊಲಿಗೆ ತಪ್ಪಿದೆ ಕಂದಾ. ಬಿಚ್ಚಬೇಕು."

"ನಾನು ಹಿಡ್ಕೋತೀನಿ, ನೀನು ಕತ್ತರಿಸು," ಎಂದು ಅವಳು ಬಟ್ಟೆಯ ಅಂಚನ್ನು ಎಂದಿನಂತೆ ಬಿಗಿಯಾಗಿ ಎಳೆದು ಹಿಡಿದಳು.

ಅವನಿಗೆ ಅಳು ತಡೆಯಲಾಗಲಿಲ್ಲ. ಅಳುತ್ತಲೇ ದಾರ ಕತ್ತರಿಸಿದ. ಬಿಡಿಸಲು ಬಾರದ್ದರಿಂದ ಮಬ್ಬು ಪೂರ್ತಿ ಹೋಗಬೇಕಿತ್ತು. ಅದರಲ್ಲಿ ಅವನೂ ಹೆಂಡತಿಯೂ ಹನ್ನೆರಡು ವರ್ಷ ಪಟ್ಟ ಆಸೆಯೂ ಸೇರಿತ್ತು. ಉಂಡೆಯನ್ನು ಎತ್ತಿಕೊಂಡಾಗ ಬಟ್ಟೆಯ ಅಂಚು ಸಡಿಲವಾಗಿ ಕೆಳಗೆ ಬಿತ್ತು. ಅವನು ತಿರುಗಿ ನೋಡಲಿಲ್ಲ.

ಉಂಡೆಯನ್ನು ಒಳಗಿಟ್ಟು ಹೊಲಿದ ಹಾಸಿಗೆಯ ಮೇಲೆ ಟೀಚರಮ್ಮ ಮತ್ತೆ ಮಲಗಿದರು. ಮುಚ್ಚಿದ ಕಣ್ಣಿನಲ್ಲೇ ನಕ್ಕು, "ಬಾರೇ, ಎಲ್ಲಿ ಹೋಗಿದ್ದೆ?" ಎಂದರು.

ಅವರು ಹಾಸಿಗೆ ಒಯ್ದ ಮೇಲೆ ಅವನು ಅಡುಗೆಮನೆಗೆ ಬಂದ. ಕೆನ್ನೆ ಒದ್ದೆಯಾಗಿತ್ತು. ಯಾಕೆಂದು ಎಷ್ಟು ಯೋಚಿಸಿದರೂ ಹೊಳೆಯಲಿಲ್ಲ. ಚಹಾದ ನೀರು ಈಗ ತಾನೇ ಕುದಿ ಬಂದಿತ್ತು. ಹೆಂಡತಿ ಅದನ್ನು ಬಿಟ್ಟು, ಪುಟ್ಟ ಲೋಟವೊಂದಕ್ಕೆ ಹಾಲು ಬಗ್ಗಿಸಿ, ಚಮಚದಿಂದ ಜೋಪಾನವಾಗಿ ಕೆನೆ ತೆಗೆಯುತ್ತಿದ್ದಳು.

"ಹಾಲು ಯಾರಿಗೇ? ನಾವಿಬ್ರೂ ಕುಡಿಯಲ್ಲವಲ್ಲ?"

ಅವಳು ಕೈಯಲ್ಲಿದ್ದ ಲೋಟವನ್ನೂ ಅವನ ಮುಖವನ್ನೂ ಮತ್ತೆ ಮತ್ತೆ ನೋಡಿದಳು. "ಹೌದಲ್ರೀ. ಯಾರಿಗೆ ತೆಗೀತಿದ್ದೆ ನಾನು?"

ಇಬ್ಬರಿಗೂ ಗೊತ್ತಾಗಲಿಲ್ಲ. ಆದರೂ ಅವಳು ಉಳಿದ ಕೆನೆಯನ್ನೂ ಪೂರ್ತಿ ತೆಗೆದು, ಲೋಟವನ್ನು ಮುಚ್ಚಿಟ್ಟಳು.