ನಾಲ್ಕನೆಯ ಅಧ್ಯಾಯದ ಮಗಳು

ಥೀಸಿಸ್‌ನ ಮೌಖಿಕ ಪರೀಕ್ಷೆಯಲ್ಲಿ ಗೈಡ್ ಆದವನು ಬಾಯಿ ಬಿಡುವಂತಿಲ್ಲ. ವಿದ್ಯಾರ್ಥಿಯ ಹಿಂದೆ ಅವನಿಗೊಂದು ಕುರ್ಚಿ ಹಾಕಿರುತ್ತಾರೆ, ಅಲ್ಲಿ ಕೂತು ಗೋಡೆ ನೋಡಬೇಕು. ಈ ಹಾಳು ನಿಯಮವನ್ನು ಬೈದುಕೊಂಡೇ ತಲೆ ಹಣ್ಣು ಮಾಡಿಕೊಂಡವನು ನಾನು. ವಿದ್ಯಾರ್ಥಿ ತಡವರಿಸಿದಾಗಲೆಲ್ಲ ನನ್ನ ನಾಲಿಗೆ ತುರಿಸುತ್ತದೆ. ಇವತ್ತು ಬೆಳಿಗ್ಗೆ ಮಾತ್ರ ಅದೇ ನಿಯಮ ನನ್ನನ್ನು ಕಾಪಾಡಿತು.

ಪರೀಕ್ಷೆಗೆ ಕೂತವಳನ್ನು ವಿಭಾಗದಲ್ಲಿ ಎಲ್ಲರೂ ಲಾಯರಮ್ಮ ಎಂದೇ ಕರೆಯುವುದು. ಕಿಟಕಿ ಮುಚ್ಚಮ್ಮ ಎಂದರೂ ಯಾಕೆ ಮುಚ್ಚಬೇಕು ಎಂದು ಕಾರಣ ಕೇಳುವ ಹುಡುಗಿ. ನನಗೆ ಇವರೆಲ್ಲ ಸೇರಿ ಇಟ್ಟ ಹೆಸರು ಕೆಂಪು ಪೆನ್ನು. ಎದುರಿಗೆ ಕರೆಯುವುದಿಲ್ಲ, ಅಷ್ಟು ದಯೆ.

ನಾನೂರು ವರ್ಷದ ಹಿಂದಿನ ಇಂಗ್ಲಿಷ್ ಕವಿಗಳು ಬೈಬಲಿನ ದುರಂತ ಕಥೆಗಳನ್ನು ಹೇಗೆ ಅರ್ಥಮಾಡಿಕೊಂಡರು ಎನ್ನುವುದು ಅವಳ ಥೀಸಿಸ್. ನಾಲ್ಕನೆಯ ಅಧ್ಯಾಯ, ಹೆಸರೇ ಗೊತ್ತಿಲ್ಲದ ಕವಿಯ ಒಂದು ಉದ್ದನೆಯ ಪದ್ಯದ ಮೇಲೆ. ಒಬ್ಬ ಸೇನಾಪತಿ ಯುದ್ಧಕ್ಕೆ ಹೊರಡುವಾಗ ದೇವರಿಗೆ ಹರಕೆ ಹೊರುತ್ತಾನೆ. ಗೆದ್ದು ಬಂದರೆ, ನನ್ನ ಮನೆಬಾಗಿಲಿನಿಂದ ಮೊದಲು ಎದುರು ಬಂದವರನ್ನು ನಿನಗೆ ಬಲಿ ಕೊಡುತ್ತೇನೆ ಎಂದು. ಗೆಲ್ಲುತ್ತಾನೆ. ಕುಣಿಯುತ್ತ ಎದುರು ಬರುವವಳು ಇದ್ದೊಬ್ಬ ಮಗಳು. ಅವಳು ಬಲಿಗೆ ಒಪ್ಪುತ್ತಾಳೆ.

ಈ ಪದ್ಯದ ಬಗ್ಗೆ ಎಲ್ಲರೂ ಒಪ್ಪಿಕೊಂಡಿರುವುದು ಒಬ್ಬ ಹಿರಿಯ ಪ್ರಾಧ್ಯಾಪಕರ ಮಾತು. ಮಗಳು ಮನಸಾರೆ ಒಪ್ಪಿದಳು, ಹಾಗಾಗಿ ಅಪ್ಪನ ತಪ್ಪು ತೊಳೆದುಹೋಯಿತು, ಕೊಲೆ ಎನಿಸಬೇಕಾದದ್ದು ತ್ಯಾಗವಾಯಿತು ಎಂದು ಅವರು ಪುಸ್ತಕವನ್ನೇ ಬರೆದಿದ್ದಾರೆ. ಲಾಯರಮ್ಮ ಬರೆದು ತಂದದ್ದು ಅದಕ್ಕೆ ತದ್ವಿರುದ್ಧ. ಪದ್ಯದಲ್ಲಿ ಅಪ್ಪ ಬಟ್ಟೆ ಹರಿದುಕೊಳ್ಳುತ್ತಾನೆ, ಹಣೆಬರಹ ಹಳಿಯುತ್ತಾನೆ, ಬಲಿ ನೀನೇ ಎಂದು ಮಾತ್ರ ಹೇಳುವುದಿಲ್ಲ. ಅವಳೇ ಊಹಿಸಿ, ಅವಳೇ ಹೇಳುವವರೆಗೂ ಕಾಯುತ್ತಾನೆ.

"ಇದನ್ನ ಒಪ್ಪಿಗೆ ಅಂತ ಹೇಗೆ ಕರೀತಾರೆ ಸರ್?" ಎಂದಿದ್ದಳು. "ಅವಳ ಬಾಯಿಂದ ಹೊರಡಿಸಿದ್ದು ಅದು."

ಓದಿ ಮೈ ಜುಮ್ಮೆಂದಿತ್ತು. ನೂರಕ್ಕೆ ನೂರು ಅವಳ ಮಾತು ಸರಿ. ಆದರೆ ಪರೀಕ್ಷಕರಾಗಿ ಬರುವವರು ಅದೇ ಹಿರಿಯರು ಎನ್ನುವುದು ಅಷ್ಟರಲ್ಲಿ ನನ್ನ ಕಿವಿಗೆ ಬಿದ್ದಿತ್ತು.

"ಇದನ್ನ ತೆಗಿ. ಹಿರಿಯರು ಹೇಳಿದ ದಾರಿಯಲ್ಲೇ ಬರಿ."

"ಯಾಕೆ ಸರ್?"

"ಡಿಗ್ರಿ ಬೇಕಾ, ಜಗಳ ಬೇಕಾ?"

ದಿನಗಟ್ಟಲೆ ನನ್ನ ತಲೆ ತಿಂದಳು. ಕೊನೆಗೆ ನಾನೇ ಪುಟಪುಟದ ಮೇಲೂ ಕೆಂಪು ಗೆರೆ ಎಳೆದೆ, ಅವಳು ಹಿರಿಯರ ದಾರಿಯಲ್ಲೇ ಮತ್ತೆ ಬರೆದು ತಂದಳು. ಎಲ್ಲ ಅವಳ ಒಳ್ಳೆಯದಕ್ಕೇ ಎಂದುಕೊಂಡೆ. ಒಂದು ಕಾಲೇಜು ಅವಳಿಗಾಗಿ ಕೆಲಸ ಕಾದಿರಿಸಿತ್ತು, ಈ ತಿಂಗಳು ಡಿಗ್ರಿ ಬಂದರೆ ಮಾತ್ರ. ಹೊಲಿಗೆ ಮಿಷನ್ ತುಳಿದು ಓದಿಸಿದ ಅಮ್ಮನಿಗೆ ಈಗ ಮೊಣಕಾಲು ಮಡಚಲು ಆಗುವುದಿಲ್ಲ. ಅದೆಲ್ಲ ನಿಜವೇ. ಹಿರಿಯರ ಮುಂದೆ ನನ್ನ ಮುಖ ಕೆಡಬಾರದು ಎನ್ನುವುದೂ ಅಷ್ಟೇ ನಿಜ, ಅದನ್ನು ಅವಳಿಗೆ ಹೇಳಿರಲಿಲ್ಲ.

ಬೆಳಿಗ್ಗೆ ಪರೀಕ್ಷಾ ಸಮಿತಿಯ ಎದುರು ಹಿರಿಯರು ಮೂರು ಅಧ್ಯಾಯಗಳನ್ನು ಹೊಗಳಿ, ನಾಲ್ಕನೆಯದನ್ನು ತೆರೆದು ಕನ್ನಡಕ ಕೆಳಗಿಟ್ಟರು.

"ಇದು ನನ್ನ ಪುಸ್ತಕದ ನಕಲು. ಆ ಪುಸ್ತಕ ಈಗ ಓದಿದ್ರೆ ನನಗೇ ಮುಜುಗರ ಆಗುತ್ತೆ. ಅಷ್ಟು ದೂರ ಹುಲಿ ಹಾಗೆ ಬಂದವಳು ಇಲ್ಲಿ ಯಾಕಮ್ಮ ಬೆಕ್ಕಾದೆ? ಇದು ನಿನ್ನದೇ ಅಭಿಪ್ರಾಯವಾ, ಯಾರಾದ್ರೂ ಬರೆಸಿದ್ರಾ?"

ಕೇಳಿದ್ದು ಅವಳನ್ನು, ಕಣ್ಣು ನೆಟ್ಟಿದ್ದು ನನ್ನ ಮೇಲೆ.

ಲಾಯರಮ್ಮ ತಿರುಗಿ ನೋಡಲಿಲ್ಲ. ನನಗೆ ಕಾಣುತ್ತಿದ್ದುದು ಅವಳ ಜಡೆ ಮಾತ್ರ.

"ನನ್ನದೇ ಸರ್. ಯಾರೂ ಬರೆಸಿಲ್ಲ."

ಹಿರಿಯರು ಇನ್ನೊಮ್ಮೆ ಕೇಳಿದರು. ಅದೇ ಉತ್ತರ. ನಾನು ಗೋಡೆ ನೋಡುತ್ತಿದ್ದೆ. ನಿಯಮ ಇತ್ತಲ್ಲ!

"ಹಾಗಾದ್ರೆ ಅಧ್ಯಾಯ ಮತ್ತೆ ಬರೀಬೇಕು. ಒಂದು ವರ್ಷ ತಗೋ. ಊಟ ಆದ್ಮೇಲೆ ಸಹಿ ಹಾಕ್ತೀವಿ," ಎಂದರು. ಅಲ್ಲಿಗೆ ಅವಳ ಕೆಲಸ ಕೈತಪ್ಪಿತು.

ಊಟಕ್ಕೆ ಹಿರಿಯರ ಪಕ್ಕದಲ್ಲೇ ಕೂತೆ. ಅನ್ನ ಕಲಸುತ್ತ, ಯಾರಿಗೂ ಕೇಳದ ಹಾಗೆ ಹೇಳಿದೆ. "ಸರ್, ಆ ಅಧ್ಯಾಯ ನಾನೇ ಬರೆಸಿದ್ದು. ಅವಳು ಬೇರೆ ಥರಾನೇ ಬರೆದಿದ್ದಳು."

"ಗೊತ್ತು," ಎಂದರು, ತಲೆ ಎತ್ತದೆ. "ಎರಡನೇ ಸಲ ಕೇಳಿದ್ದು ನಿಮ್ಮನ್ನ. ಈಗ ತಟ್ಟೆ ಮುಂದೆ ಪಿಸುಗುಟ್ಟಿದ್ರೆ ನಾನೇನು ಮಾಡ್ಲಿ? ಸಮಿತಿ ಮತ್ತೆ ಕೂರುತ್ತೆ. ಅಲ್ಲಿ ಎಲ್ಲರ ಮುಂದೆ ಹೇಳಿ. ಅವಳ ಮೊದಲಿನ ವಾದ ಅವಳ ಬಾಯಿಂದಲೇ ಕೇಳ್ತೀನಿ. ಗಟ್ಟಿಯಾಗಿದ್ರೆ ಇವತ್ತೇ ಪಾಸು."

"ಮತ್ತೆ ನನಗೆ?"

ಛೇ! ಅದು ಬಾಯಿಂದ ಜಾರಿಯೇ ಹೋಯಿತು.

"ಗೈಡ್ ಆಗಿರೋ ಹಕ್ಕು ಹೋಗುತ್ತೆ," ಎಂದು ಅವರು ಮಜ್ಜಿಗೆಗೆ ಕೈ ಚಾಚಿದರು.

ಮಹಡಿಯ ಹಜಾರದಲ್ಲಿ, ನೀರಿನ ನಲ್ಲಿಯ ಹತ್ತಿರ ಲಾಯರಮ್ಮ ಲೋಟ ಹಿಡಿದು ನಿಂತಿದ್ದಳು. ಕಣ್ಣು ಕೆಂಪಾಗಿತ್ತು. ಹಿರಿಯರು ಹೇಳಿದ್ದನ್ನೆಲ್ಲ ಹೇಳಿದೆ. ನನ್ನ ಹಕ್ಕು ಹೋಗುತ್ತದೆ ಎಂಬುದನ್ನೂ ಬಿಡದೆ ಹೇಳಿದೆ, ಅದನ್ನು ಸ್ವಲ್ಪ ಜೋರಾಗಿಯೇ ಹೇಳಿದೆ. ಆಮೇಲೆ ನಾಚಿಕೆ ಬಿಟ್ಟು ಕೇಳಿದೆ.

"ಏನು ಮಾಡೋಣ, ನೀನೇ ಹೇಳು."

ಅವಳು ಮಾತಾಡಲಿಲ್ಲ. ನಾನೂ ಮಾತಾಡಲಿಲ್ಲ. ನಲ್ಲಿ ತೊಟ್ಟಿಕ್ಕುತ್ತಿತ್ತು.

"ಬೇಡ ಬಿಡಿ ಸರ್," ಎಂದಳು ಕೊನೆಗೆ. "ನಿಮ್ಮ ಕೈಕೆಳಗೆ ಇನ್ನೂ ಇಬ್ಬರು ಇದ್ದಾರೆ. ನಿಮ್ಮ ಹೆಸರು ಕೆಡೋದು ಬೇಡ. ಒಂದು ವರ್ಷ ಹೇಗೋ ತಳ್ತೀನಿ. ಅಮ್ಮನಿಗೆ ನಾನು ಹೇಳ್ಕೋತೀನಿ."

ಎದೆಯ ಮೇಲಿನ ಕಲ್ಲು ಇಳಿದ ಹಾಗಾಯಿತು. ಸುಳ್ಳು ಯಾಕೆ ಹೇಳಲಿ, ಆ ಕ್ಷಣ ನನಗೆ ಖುಷಿಯೇ ಆಯಿತು.

"ನೀನೇ ಹೀಗೆ ಹೇಳ್ತೀಯ ಅಂದ್ಮೇಲೆ..." ಎಂದು ಶುರುಮಾಡಿದೆ.

ಅವಳು ಲೋಟವನ್ನು ಕಟ್ಟೆಯ ಮೇಲಿಟ್ಟಳು.

"ನಾನು ಹೇಳ್ಲಿ ಅಂತಾನೇ ಕಾಯ್ತಿದ್ರಲ್ಲ ಸರ್."

ಕೂಗಾಡಿದ್ದರೆ ಗದರಿಸಿ ಬಾಯಿ ಮುಚ್ಚಿಸುತ್ತಿದ್ದೆ, ಅದು ನನಗೆ ಅಭ್ಯಾಸ. ಆದರೆ ಅವಳು ಸುಸ್ತಾದವಳ ಹಾಗೆ ಅಂದು, ಮುಖ ಒರೆಸಿಕೊಂಡು ಮೆಟ್ಟಿಲಿನ ಕಡೆ ನಡೆದಳು. ನಾಲ್ಕನೆಯ ಅಧ್ಯಾಯವನ್ನು ಅವಳಷ್ಟು ಚೆನ್ನಾಗಿ ಬಲ್ಲವನು ಪ್ರಪಂಚದಲ್ಲಿ ಇನ್ನೊಬ್ಬನಿದ್ದರೆ ಅದು ನಾನು. ಕೆಂಪು ಗೆರೆ ಎಳೆಯಲು ಸಾಲುಸಾಲನ್ನೂ ಓದಿದ್ದೆನಲ್ಲ! ಓದಿಯೂ ಈಗಷ್ಟೇ ನಿಂತು ಆ ಅಪ್ಪ ಮಾಡಿದ್ದನ್ನೇ ಮಾಡಿದ್ದೆ.

ಸಮಿತಿಯ ಕೋಣೆಗೆ ಓಡಿದೆ. ಈ ವಯಸ್ಸಿನಲ್ಲಿ ಹಜಾರದಲ್ಲಿ ಓಡುವ ಗೈಡನ್ನು ನೋಡಿ ಗುಮಾಸ್ತರು ಬೆಂಕಿ ಬಿತ್ತೋ ಎಂದು ಎದ್ದು ನಿಂತರು. ಹಿರಿಯರು ಪೆನ್ನಿನ ಮುಚ್ಚಳ ತೆಗೆದಿದ್ದರು. ನಿಂತುಕೊಂಡೇ, ಏದುಸಿರು ಬಿಡುತ್ತ, ಸಮಿತಿಯ ಎಲ್ಲರ ಮುಂದೆ ಹೇಳಿದೆ. ಅಧ್ಯಾಯ ನಾನು ಬರೆಸಿದ್ದು, ಹೆದರಿಕೊಂಡು ಬರೆಸಿದ್ದು, ಅವಳ ವಾದವೇ ಸರಿ. ಒಬ್ಬರು ಅದನ್ನು ಬರೆದುಕೊಂಡರು, ನಾನು ಕೆಳಗೆ ಸಹಿ ಹಾಕಿದೆ. ಅವಳನ್ನು ಕರೆಯಲು ಹೇಳಿ ನನ್ನನ್ನು ಹೊರಗೆ ಕಳಿಸಿದರು.

ಬಾಗಿಲ ಪಕ್ಕದ ಬೆಂಚಿನ ಮೇಲೆ ಕೂತೆ. ಅವಳು ನನ್ನನ್ನು ದಾಟಿಯೇ ಒಳಗೆ ಹೋದಳು. ಮೊದಲು ಅವಳ ದನಿ ಸಣ್ಣಗಿತ್ತು. ಆಮೇಲೆ ಲಾಯರಮ್ಮ ಲಾಯರಮ್ಮನಾದಳು. ಹಿರಿಯರು ಪ್ರಶ್ನೆಯ ಮೇಲೆ ಪ್ರಶ್ನೆ ಹಾಕಿದರು, ಅವಳು ಒಂದಕ್ಕೂ ಬಗ್ಗಲಿಲ್ಲ. ಕೊನೆಗೆ ಅವರು ಕೇಳಿದ್ದು ನನಗೂ ಕೇಳಿಸಿತು.

"ಎಲ್ಲಾ ಸರಿ ತಾಯಿ. ಆದ್ರೆ ಪದ್ಯದ ಕೊನೆಗೆ ಅಪ್ಪ ಪಶ್ಚಾತ್ತಾಪ ಪಟ್ಟನಲ್ಲ. ಅದಕ್ಕೇನೂ ಬೆಲೆ ಇಲ್ವಾ?"

ನಾನು ಬಾಗಿಲ ಕಡೆಗೆ ಕಿವಿ ಕೊಟ್ಟೆ.

"ಬೆಲೆ ಇದೆ ಸರ್. ಆದ್ರೆ ಪಶ್ಚಾತ್ತಾಪ ಪಟ್ಟಿದ್ದು ಅವಳು ಒಪ್ಪಿದ ಮೇಲೆ. ಮೊದಲೇ ಪಡಬಹುದಿತ್ತು."

"ಸಾಕಮ್ಮ, ನನ್ನ ಪುಸ್ತಕ ಇವತ್ತಿಗೆ ಮುಗೀತು," ಎಂದು ಹಿರಿಯರು ನಕ್ಕರು. ಕುರ್ಚಿಗಳು ಸರಿದವು, ಯಾರೋ ಡಾಕ್ಟರೇ ಎಂದು ಅವಳನ್ನು ಕೂಗಿದರು, ಚಪ್ಪಾಳೆ ಬಿತ್ತು. ಬಾಗಿಲು ಅರ್ಧ ತೆರೆದೇ ಇತ್ತು. ಆ ಕೊನೆಯ ಉತ್ತರ ಹೇಳುವಾಗ ಹೊರಗೆ ನಾನು ಕೂತಿರುವುದು ಅವಳಿಗೆ ಗೊತ್ತಿತ್ತು.